ಆಲಿಸುವ ಮುನ್ನವೇ ಬೀಳುವ ಶಿಕ್ಷೆ

ಪಿರಿಯಾಪಟ್ಟಣದ ಬಸ್ ನಿಲ್ದಾಣದಲ್ಲಿ ಇತ್ತೀಚೆಗೆ ಪರಿಚಿತರೊಬ್ಬರು ಎದುರಾದರು. ಸರ್ಕಾರಿ ಕಚೇರಿಯೊಂದರ ದ್ವಿತೀಯ ದರ್ಜೆ ಸಹಾಯಕರು, ಈಗ ಅಮಾನತಿನಲ್ಲಿದ್ದಾರೆ. ರಸೀದಿ ಪುಸ್ತಕಕ್ಕೂ ನಗದು ಪುಸ್ತಕಕ್ಕೂ ತಾಳೆಯಾಗುತ್ತಿಲ್ಲ ಎಂಬುದು ಆರೋಪ. ಇಲಾಖಾ ವಿಚಾರಣೆಗೆಂದು ಮೈಸೂರಿಗೆ ಹೊರಟಿದ್ದರು. ಹಿಂದಿನ ಮೂರು ಸಲವೂ ಮಂಡನಾಧಿಕಾರಿ ಬಾರದೆ ವಿಚಾರಣೆ ಮುಂದಕ್ಕೆ ಹೋಗಿತ್ತು. ಅಮಾನತಿನ ಅವಧಿಯಲ್ಲಿ ಸಲ್ಲಬೇಕಾದ ಜೀವನಾಧಾರ ಭತ್ಯೆ ಐದು ತಿಂಗಳಿಂದ ಕೈಸೇರಿರಲಿಲ್ಲ. ‘ತಪ್ಪು ನನ್ನದೋ ಅಲ್ಲವೋ ಅದು ಆಮೇಲಿನ ಮಾತು ಸಾರ್. ಅಲ್ಲಿಗೆ ಹೋಗಲು ಬಸ್ ಚಾರ್ಜಿಗೇ ಸಾಲ ಮಾಡಿದ್ದೇನೆ’ ಎಂದರು.

ಅವರು ನಿರಪರಾಧಿಯೇ ಎಂಬುದು ನನಗೆ ತಿಳಿಯದು. ಅದನ್ನು ತಿಳಿಯುವುದಕ್ಕೇ ಅಲ್ಲವೇ ವಿಚಾರಣೆ ಇರುವುದು?

ಆರೋಪವನ್ನು ತಿಳಿಸಿ, ಉತ್ತರಿಸಲು ಸಮಂಜಸ ಅವಕಾಶ ನೀಡಿ ವಿಚಾರಣೆ ನಡೆಸದ ಹೊರತು ಸರ್ಕಾರಿ ನೌಕರನನ್ನು ವಜಾ ಮಾಡುವಂತಿಲ್ಲ, ಸೇವೆಯಿಂದ ತೆಗೆದುಹಾಕುವಂತಿಲ್ಲ ಎನ್ನುತ್ತದೆ ಸಂವಿಧಾನದ 311ನೇ ವಿಧಿ. ರಾಜ್ಯದ 1957ರ ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ ನಿಯಮಗಳು ಇದರ ವಿಧಾನವನ್ನು ವಿವರವಾಗಿ ಹೇಳಿವೆ. ವಿಚಾರಣಾ ವರದಿಯ ಪ್ರತಿಯನ್ನು ಆಪಾದಿತನಿಗೆ ಕೊಟ್ಟ ಬಳಿಕವೇ ಶಿಸ್ತು ಪ್ರಾಧಿಕಾರಿ ತೀರ್ಮಾನಕ್ಕೆ ಬರಬೇಕೆಂದು ಸುಪ್ರೀಂ ಕೋರ್ಟ್ 1993ರಲ್ಲಿ ಸ್ಪಷ್ಟಪಡಿಸಿತು. ಕಾಗದದ ಮೇಲೆ ಕೊರತೆಯೇನೂ ಇಲ್ಲ. ಕೊರತೆ ಇರುವುದು ನೌಕರನ ಜೇಬಿನಲ್ಲಿ.

ನಮ್ಮದೇ ರಾಜ್ಯದ ಕೋಲಾರ ಚಿನ್ನದ ಗಣಿಯ ಪ್ರಕರಣ ಇಲ್ಲಿ ನೆನಪಿಗೆ ಬರುತ್ತದೆ. 1985ರ ಜೂನ್‌ನಲ್ಲಿ ಭಾರತ್ ಗೋಲ್ಡ್ ಮೈನ್ಸ್‌ನ ಭದ್ರತಾ ಅಧಿಕಾರಿಯೊಬ್ಬರ ಮನೆಯ ಮೇಲೆ ಪೊಲೀಸರು ದಾಳಿ ಮಾಡಿ, ನಾಲ್ಕೂವರೆ ಗ್ರಾಂ ಚಿನ್ನದ ಉಂಡೆಯೊಂದನ್ನೂ ಚಿನ್ನಮಿಶ್ರಿತ ಮರಳನ್ನೂ ವಶಪಡಿಸಿಕೊಂಡೆವೆಂದರು. ಒಡನೆಯೇ ಅಮಾನತು. ಕ್ರಿಮಿನಲ್ ಮೊಕದ್ದಮೆ ಮುಗಿಯುವ ತನಕ ಇಲಾಖಾ ವಿಚಾರಣೆ ತಡೆಹಿಡಿಯಿರೆಂಬ ಕೋರಿಕೆಗೆ ಆಡಳಿತ ಒಪ್ಪಲಿಲ್ಲ. ಜೀವನಾಧಾರ ಭತ್ಯೆಯನ್ನೂ ಕೊಡಲಿಲ್ಲ. ಕಾಯಿಲೆ ಬಿದ್ದು, ಕೈಯಲ್ಲಿ ಕಾಸಿಲ್ಲದೆ ಅವರು ವಿಚಾರಣೆಗೆ ಹಾಜರಾಗಲಾಗಲಿಲ್ಲ. ಏಕಪಕ್ಷೀಯವಾಗಿ ವಿಚಾರಣೆ ಮುಗಿಸಿ 1986ರಲ್ಲಿ ವಜಾ ಮಾಡಲಾಯಿತು. ಮರುವರ್ಷವೇ ಕ್ರಿಮಿನಲ್ ನ್ಯಾಯಾಲಯ, ದಾಳಿಯೇ ರುಜುವಾತಾಗಿಲ್ಲವೆಂದು ಅವರನ್ನು ಖುಲಾಸೆ ಮಾಡಿತು. ಆದರೂ ಕೆಲಸ ಮರಳಿ ಸಿಗಲಿಲ್ಲ. 1999ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ಪುನರ್ನೇಮಕಕ್ಕೆ ಆದೇಶಿಸುವ ಹೊತ್ತಿಗೆ ಹೆಚ್ಚುಕಡಿಮೆ ಹದಿನಾಲ್ಕು ವರ್ಷ ಉರುಳಿತ್ತು. ಎರಡು ವರ್ಷ ಕಳೆಯುವುದರೊಳಗೆ, 2001ರಲ್ಲಿ, ಗಣಿಯೇ ಮುಚ್ಚಿತು.

ಭತ್ಯೆ ಕೊಡದೆ, ಆತ ಬರಲಾಗದ ಸ್ಥಿತಿಯಲ್ಲಿ ನಡೆಸಿದ ವಿಚಾರಣೆ ನಿಲ್ಲದು ಎಂಬುದು ಆ ತೀರ್ಪಿನ ತಿರುಳುಗಳಲ್ಲೊಂದು. ಇದೇನೂ ಹೊಸ ಮಾತಲ್ಲ. ಮಧ್ಯಪ್ರದೇಶದ ರೇವಾದಲ್ಲಿದ್ದ ನೌಕರನನ್ನು ಐನೂರು ಕಿಲೋಮೀಟರ್ ದೂರದ ಜಗದಲ್‌ಪುರದ ವಿಚಾರಣೆಗೆ ಕರೆದು, ಭತ್ಯೆ ಕೊಡದಿದ್ದ ಪ್ರಕರಣದಲ್ಲಿ ಅದೇ ನ್ಯಾಯಾಲಯ 1973ರಲ್ಲೇ ಹಾಗೆ ಹೇಳಿತ್ತು. ಪಿರಿಯಾಪಟ್ಟಣದಿಂದ ಮೈಸೂರು ಅಷ್ಟು ದೂರವೇನಲ್ಲ. ಆದರೆ ಸಂಬಳ ನಿಂತ ಮನೆಗೆ ಹುಣಸೂರೂ ದೂರವೇ. ಮೇಲಾಗಿ, ಬೇರೆಲ್ಲೂ ದುಡಿಯುತ್ತಿಲ್ಲವೆಂದು ಪ್ರಮಾಣಪತ್ರ ಕೊಟ್ಟರಷ್ಟೇ ಭತ್ಯೆ. ಹಾಗಾಗಿ ಹೊಗೆಸೊಪ್ಪು ಹದಗೊಳಿಸುವ ಬ್ಯಾರನ್‌ಗಳಿಗೆ ಆಳು ಸಿಗದ ಹಂಗಾಮಿನಲ್ಲೂ ಈತ ಕೂಲಿಗೆ ಹೋಗುವಂತಿಲ್ಲ.

ಇಲಾಖಾ ವಿಚಾರಣೆಗಳು ಭ್ರಷ್ಟರಿಗೆ ರಕ್ಷಾಕವಚವಾಗಿವೆ ಎಂಬ ಜನರ ಸಿಟ್ಟನ್ನು ನಾನು ಅಲ್ಲಗಳೆಯಲಾರೆ. ವರ್ಷಗಟ್ಟಲೆ ಎಳೆದು, ಸಾಕ್ಷಿಗಳು ನಿವೃತ್ತರಾದ ಮೇಲೆ ಆರೋಪಮುಕ್ತರಾಗಿ ಬಂದವರನ್ನು ನಾವೆಲ್ಲ ಕಂಡಿದ್ದೇವೆ. ಆದರೆ ಆ ಲಾಭ ವಕೀಲರನ್ನಿಟ್ಟುಕೊಳ್ಳಬಲ್ಲ ದೊಡ್ಡವರದು. ದ್ವಿತೀಯ ದರ್ಜೆ ಸಹಾಯಕನಿಗೆ ವಿಳಂಬವೇ ದಂಡನೆ. ಆರೋಪಪಟ್ಟಿ ಕೊಡದೆ ಮೂರು ತಿಂಗಳಿಗಿಂತ ಹೆಚ್ಚು ಕಾಲ ಅಮಾನತಿನಲ್ಲಿಡಬಾರದೆಂದು 2015ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಇದೇ ಕಾರಣಕ್ಕೆ. ಮೊದಲ ಬೈಠಕ್ಕಿಗೆ ಮುಂಚೆ ಬಾಕಿ ಭತ್ಯೆ ಪಾವತಿಯಾಗಲಿ; ಕಡತಗಳೂ ಸಾಕ್ಷಿಗಳೂ ಇರುವ ತಾಲ್ಲೂಕಿನಲ್ಲೇ ವಿಚಾರಣೆ ನಡೆಯಲಿ. ಇದಕ್ಕೆ ಹೊಸ ಕಾನೂನು ಬೇಕಿಲ್ಲ, ಒಂದು ಸುತ್ತೋಲೆ ಸಾಕು.

ಈ ಸಹಾಯಕರಿಗಾದರೂ ವಿಚಾರಣೆಯೆಂಬುದೊಂದು ಇದೆ. ಅದೇ ಬಗೆಯ ಕಚೇರಿಗಳಲ್ಲಿ ಹೊರಗುತ್ತಿಗೆಯ ಮೇಲೆ ದುಡಿಯುವ ಕಂಪ್ಯೂಟರ್ ಆಪರೇಟರನಿಗೆ ಅದೂ ಇಲ್ಲ. ಏಜೆನ್ಸಿಯಿಂದ ಒಂದು ಫೋನು ಬಂದರೆ ಮುಗಿಯಿತು. ಕರ್ನಾಟಕದ ದಿನಗೂಲಿ ನೌಕರರ ಉಮಾದೇವಿ ಪ್ರಕರಣದಲ್ಲಿ 2006ರಲ್ಲಿ ಸಂವಿಧಾನ ಪೀಠ ಹೇಳಿದ್ದು, ಕ್ರಮಬದ್ಧ ನೇಮಕಾತಿಯಿಲ್ಲದೆ ಬಂದವರಿಗೆ ಕಾಯಂ ಆಗುವ ಹಕ್ಕಿಲ್ಲವೆಂದು. ಕಳ್ಳನೆಂಬ ಹಣೆಪಟ್ಟಿ ಹಚ್ಚಿ ಕೇಳದೆಯೇ ಕಳುಹಿಸಬಹುದೆಂದು ಅದು ಹೇಳಿಲ್ಲ. ದಂಡನೆಯಾಗಿ ತೆಗೆಯುವುದಾದರೆ ತಾತ್ಕಾಲಿಕ ಸರ್ಕಾರಿ ನೌಕರನನ್ನೂ ಆಲಿಸಬೇಕೆಂಬ ತತ್ವ 1957ರಷ್ಟು ಹಳೆಯದು. ಏಜೆನ್ಸಿಯೊಂದನ್ನು ನಡುವೆ ನಿಲ್ಲಿಸಿ ಅದನ್ನು ದಾಟಿಹೋಗುವ ದಾರಿಯನ್ನು ಇಲಾಖೆಗಳು ಕಂಡುಕೊಂಡಿವೆ.

ನಾಲ್ಕು ದಿನಗಳ ನಂತರ ಪರಿಚಿತರು ಮತ್ತೆ ಸಿಕ್ಕರು. ಈ ಸಲ ಮಂಡನಾಧಿಕಾರಿ ಬಂದಿದ್ದರಂತೆ, ಒಬ್ಬ ಸಾಕ್ಷಿಯ ಹೇಳಿಕೆಯೂ ಆಯಿತಂತೆ. ಭತ್ಯೆ ಏನಾಯಿತೆಂದೆ. ಅವರು ಕೊಟ್ಟಿದ್ದ ಪ್ರಮಾಣಪತ್ರ ಕಡತದಲ್ಲಿ ಕಾಣುತ್ತಿಲ್ಲ, ಇನ್ನೊಂದು ಬರೆದು ಕೊಡಬೇಕಂತೆ.