ನಾಲ್ಕು ಕೊರಳಿಗೆ ಹಗ್ಗ; ಲೆಕ್ಕ ಚುಕ್ತಾ ಆಯಿತೇ?

ಗದಗ: 2025ರ ಜನವರಿ 29ರಂದು ಇಲ್ಲಿಯ ಜಿಲ್ಲಾ ಸೆಷನ್ಸ್ ಕೋರ್ಟು ನಾಲ್ವರಿಗೆ ಗಲ್ಲು ಶಿಕ್ಷೆ ವಿಧಿಸಿತು. ಇಂಥ ಸುದ್ದಿ ಬೆಟಗೇರಿ ದಾಟಿ ಮುಂಡರಗಿ, ಶಿರಹಟ್ಟಿ, ಲಕ್ಷ್ಮೇಶ್ವರದ ಬಸ್ಸು ಹತ್ತಲು ತಡವೇನು? ‘ಜೀವಕ್ಕ ಜೀವ, ಚೊಲೋ ಆತು ಬಿಡು’ ಎಂದು ಟಿಕೀಟು ತೆಗೆಸಿ ಕೂತರೆ ಮಾತು ಮುಗಿಯಿತು. ಆದರೆ ಮುಗಿಯಿತೇ?

ಪ್ರಕರಣ ಗಜೇಂದ್ರಗಡ ತಾಲೂಕಿನ ಲಕ್ಕಲಕಟ್ಟಿಯದು. ಜಾತಿ ಮೀರಿ ಲಗ್ನವಾಗಿ ಊರು ಬಿಟ್ಟಿದ್ದ ಗಂಡ ಹೆಂಡತಿ 2019ರ ದೀಪಾವಳಿಗೆ ಬಂದಿದ್ದರು. ನವೆಂಬರ್ 6ರಂದು ಹೆಣ್ಣಿನ ಕಡೆಯವರು ಇಬ್ಬರನ್ನೂ ಕಲ್ಲಿನಿಂದ ಜಜ್ಜಿ ಕೊಂದರು. ಸರಕಾರಿ ಪಟ್ಟಿಯಲ್ಲಿ ಎರಡೂ ಪರಿಶಿಷ್ಟ ಜಾತಿಗಳೇ! ಆದರೂ ಮೇಲು ಕೀಳಿನ ಹಟ ಬಿಡಲಿಲ್ಲ. ಎರಡು ಮಕ್ಕಳು ತಬ್ಬಲಿಯಾದವು.

ಕೊಂದದ್ದು ಘೋರ ಪಾಪ, ಅದರಲ್ಲಿ ಎರಡು ಮಾತಿಲ್ಲ. ಆದರೆ ಗಲ್ಲಾದರೆ ಆ ಮಕ್ಕಳಿಗೆ ಸಿಗುವುದೇನು? ತಾಯಿಯ ತವರಿನಲ್ಲೂ ನಾಲ್ಕು ಹೆಣ. ಅತ್ತ ಅಳುವವರು ಇದ್ದರು, ಇತ್ತಲೂ ಅಳುವವರಾದರು.

ಗಲ್ಲೆಂದರೆ ಒಂದು ದಿನದ ಕೆಲಸವೂ ಅಲ್ಲ. ಕೆಳಗಿನ ಕೋರ್ಟಿನ ತೀರ್ಪನ್ನು ಹೈಕೋರ್ಟು ಒಪ್ಪಬೇಕು. ಆಮೇಲೆ ಸುಪ್ರೀಂ ಕೋರ್ಟು, ರಾಷ್ಟ್ರಪತಿಗೆ ದಯಾ ಅರ್ಜಿ. ರಾಜ್ಯದಲ್ಲಿ ಕೊನೆಯ ಗಲ್ಲು ನಡೆದದ್ದು ಬೆಳಗಾವಿಯ ಹಿಂಡಲಗಾ ಜೈಲಿನಲ್ಲಿ, 1983ರಲ್ಲಿ. ಅದೇ ಜೈಲಿನಲ್ಲಿ ಗಲ್ಲಿನ ಕೈದಿಯೊಬ್ಬನನ್ನು ಹತ್ತು ವರ್ಷ ಒಂಟಿ ಕೋಣೆಯಲ್ಲಿಟ್ಟದ್ದು ಕಾನೂನಿಗೆ ವಿರುದ್ಧವೆಂದು 2022ರಲ್ಲಿ ಸುಪ್ರೀಂ ಕೋರ್ಟೇ ಹೇಳಿ, ಶಿಕ್ಷೆಯನ್ನು ಜೀವಾವಧಿಗೆ ಇಳಿಸಿತು. ಹಗ್ಗ ಬೀಳುವ ಮೊದಲೇ ಮನುಷ್ಯ ದಿನಾ ಸಾಯುತ್ತಾನೆ. ಭೇಟಿಗೆಂದು ಬಸ್ಸು ಹತ್ತುವ ಅವನ ಮುದುಕಿ ತಾಯಿಯೂ ಅವನ ಜೊತೆಗೇ.

ಇನ್ನೊಂದು ಮಾತು. ಕಲ್ಲು ಹಿಡಿದದ್ದು ನಾಲ್ವರ ಕೈ. ‘ಮನೆತನದ ಮಾನ ಹೋತು’ ಎಂದು ವರ್ಷಗಟ್ಟಲೆ ಚುಚ್ಚುವ ಬಾಯಿಗಳೆಷ್ಟು? ಅವಕ್ಕೆ ಯಾವ ಕಲಮೂ ಇಲ್ಲ, ಯಾವ ಹಗ್ಗವೂ ಇಲ್ಲ. ನಾಲ್ವರನ್ನು ನೇಣಿಗೆ ಹಾಕಿ ಊರು ಕೈ ತೊಳಕೊಂಡರೆ ಆ ಮಾತು ಮುಂದಿನ ಮನೆ ಹುಡುಕುತ್ತದೆ.

ಇಂಥ ಜೋಡಿಗಳಿಗೆ ಜಿಲ್ಲೆಗೊಂದು ವಿಶೇಷ ಪೊಲೀಸ್ ಘಟಕ ಬೇಕು, ಸುರಕ್ಷಿತ ಮನೆ ಬೇಕು ಎಂದು ಸುಪ್ರೀಂ ಕೋರ್ಟು ಹೇಳಿದ್ದು 2018ರ ಮಾರ್ಚಿನಲ್ಲಿ, ಈ ಕೊಲೆಗಿಂತ ಒಂದೂವರೆ ವರ್ಷ ಮೊದಲು. ಬಾಗಿಲಿಗೊಬ್ಬ ಪೊಲೀಸಪ್ಪ ನಿಂತರೆ ಆರು ಜೀವ ಉಳಿಯುವ ಲೆಕ್ಕವಿದು. ಗಲ್ಲಿಗೆ ಜೈ ಅನ್ನುವವರು ಆ ಕಾವಲಿಗೂ ಒಮ್ಮೆ ಅಷ್ಟೇ ಜೋರಾಗಿ ಒತ್ತಾಯಿಸಲಿ.