ಪ್ರೊಸೆಸರಿಗೆ ಇಷ್ಟು ಕಾಲುಗಳೇಕೆ?

ಗಣಕಯಂತ್ರದ ಪ್ರೊಸೆಸರನ್ನು ಸಾಕೆಟ್ಟಿನಿಂದೆತ್ತಿ ತಿರುವಿ ನೋಡಿದವರಿಗೆ ಈ ಪ್ರಶ್ನೆ ಏಳುವುದು ಸಹಜ. 2016ರಲ್ಲಿ ಬಂದ ಎ.ಎಂ.ಡಿ.ಯ ಎ.ಎಂ.4 ಸಾಕೆಟ್ಟಿನ ಪ್ರೊಸೆಸರಿಗೆ 1331 ಕಾಲುಗಳು! ಅವೆಲ್ಲವೂ ಲೆಕ್ಕದ ಸಂಕೇತಗಳನ್ನೇ ಒಯ್ಯುವುವೆಂದು ನಾವು ಊಹಿಸಿದರೆ ತಪ್ಪಾದೀತು. ನೂರಾರು ಕಾಲುಗಳಿಗೆ ವಿದ್ಯುತ್ತನ್ನು ತರುವ, ಮರಳಿ ಒಯ್ಯುವ ಕೆಲಸವಷ್ಟೇ.

1978ರ ಇಂಟೆಲ್ 8086ಕ್ಕೆ ಇದ್ದುದು 40 ಕಾಲುಗಳು. ವಿದ್ಯುತ್ತಿಗೆ ಅವುಗಳಲ್ಲಿ ಮೂರು ಸಾಕಾಗಿದ್ದುವು: 5 ವೋಲ್ಟಿನದು ಒಂದು, ಗ್ರೌಂಡಿನವು ಎರಡು. ಇಂದಿನ ಪ್ರೊಸೆಸರು ದುಡಿಯುವುದು ಸುಮಾರು 1 ವೋಲ್ಟಿನಲ್ಲಿ. ಅದು 100 ವಾಟ್ ಬಳಸಿದರೆ ಪ್ರವಾಹ 100 ಆಂಪಿಯರ್ ಆಗಬೇಕಷ್ಟೆ. 2000 ವಾಟಿನ ಗೀಸರಿಗೂ 10 ಆಂಪಿಯರ್ ಬೇಡ! ಇಷ್ಟು ಪ್ರವಾಹವನ್ನು ಒಂದೇ ಸಣ್ಣ ಕಾಲು ತಾಳಲಾರದು. ನೂರು ಕಾಲುಗಳಿಗೆ ಹಂಚಿದರೆ ಒಂದೊಂದರ ಪಾಲು 1 ಆಂಪಿಯರ್. ಶಾಖವು ಪ್ರವಾಹದ ವರ್ಗಕ್ಕೆ ಅನುಗುಣವಾದುದರಿಂದ ಒಟ್ಟು ಶಾಖ ನೂರರಲ್ಲಿ ಒಂದಂಶಕ್ಕೆ ಇಳಿಯುತ್ತದೆ.

ಗ್ರೌಂಡಿನ ಕಾಲುಗಳು ಒಂದೆಡೆ ಗುಂಪಾಗಿರದೆ ಸಂಕೇತದ ಕಾಲುಗಳ ನಡುನಡುವೆ ಹರಡಿರುತ್ತವೆ. ವೇಗವಾಗಿ ಬದಲಾಗುವ ಪ್ರವಾಹವು ನೆರೆಯ ತಂತಿಯಲ್ಲೂ ವಿದ್ಯುತ್ತನ್ನು ಪ್ರೇರಿಸುವುದೆಂದು ಫ್ಯಾರಡೆ 1831ರಲ್ಲೇ ತೋರಿಸಿದ. ಪ್ರವಾಹ ಮರಳುವ ದಾರಿ ಪಕ್ಕದಲ್ಲೇ ಇದ್ದರೆ ಈ ಕಾಟ ತಗ್ಗುತ್ತದೆ.

ಆದುದರಿಂದ ಗ್ರೌಂಡಿನ ಕಾಲೊಂದು ಮುರಿದರೂ ಯಂತ್ರ ನಡೆದೀತು; ಸ್ಮೃತಿಯ ಸಂಕೇತ ಒಯ್ಯುವ ಕಾಲು ಮುರಿದರೆ ಸ್ಮೃತಿಯ ಒಂದು ಭಾಗವೇ ಕಾಣದಾದೀತು. ಇಂಟೆಲ್ 2004ರಲ್ಲಿ, ಎ.ಎಂ.ಡಿ. 2022ರಲ್ಲಿ, ತಮ್ಮ ಡೆಸ್ಕ್‌ಟಾಪ್ ಪ್ರೊಸೆಸರುಗಳ ಕಾಲುಗಳನ್ನು ತೆಗೆದು ಸಾಕೆಟ್ಟಿನಲ್ಲಿಯೇ ಸ್ಪ್ರಿಂಗುಗಳನ್ನಿರಿಸಿದುವು. ಬಾಗುವ ಭಯ ಹೋಗಲಿಲ್ಲ, ಮದರ್‌ಬೋರ್ಡಿಗೆ ವರ್ಗವಾಯಿತು! ಮೂಲೆಯ ತ್ರಿಕೋನದ ಗುರುತನ್ನು ಹೊಂದಿಸಿ, ಒತ್ತದೆ ಇಳಿಬಿಡಬೇಕು.