ಚಿನ್ನದ ಹಟ್ಟಿಗೆ ಒಂದು ದಿನದ ಶೈಕ್ಷಣಿಕ ಪ್ರವಾಸ

ಪ್ರವಾಸವು ಪಾಠದ ಮುಂದುವರಿದ ಭಾಗವೆಂಬ ನಂಬಿಕೆ ನಮ್ಮ ವಿದ್ಯಾಸಂಸ್ಥೆಯಲ್ಲಿ ಮೊದಲಿನಿಂದಲೂ ಬೆಳೆದು ಬಂದಿದೆ. ಪುಸ್ತಕದಲ್ಲಿ ಓದಿದ ನದಿಯನ್ನು ಕಣ್ಣಾರೆ ಕಂಡಾಗ, ಓದಿದ ಶಾಸನವನ್ನು ಬೆರಳಿನಿಂದ ತೋರಿಸಿ ಹೇಳಿದಾಗ, ವಿದ್ಯಾರ್ಥಿಯ ಮನಸ್ಸಿನಲ್ಲಿ ಅದು ಅಚ್ಚೊತ್ತಿದಂತೆ ಉಳಿಯುತ್ತದೆ. ಈ ಉದ್ದೇಶದಿಂದಲೇ ರಾಯಚೂರು ಜಿಲ್ಲೆಯ ಲಿಂಗಸುಗೂರು ತಾಲ್ಲೂಕಿನ ಹಟ್ಟಿ ಚಿನ್ನದ ಗಣಿ ಹಾಗೂ ಅದರ ಆಸುಪಾಸಿನ ಸ್ಥಳಗಳಿಗೆ ಒಂದು ದಿನದ ಪ್ರವಾಸವನ್ನು ಕೈಕೊಂಡೆವು. ಆ ದಿನ ಕಂಡದ್ದನ್ನೂ, ಕಂಡುದರಿಂದ ಹುಟ್ಟಿದ ವಿಚಾರಗಳನ್ನೂ ಶಿಕ್ಷಕ ಬಂಧುಗಳು, ಹಳೆಯ ವಿದ್ಯಾರ್ಥಿಗಳು ಮತ್ತು ದಾನಿಗಳ ಮುಂದಿಡುವುದು ಈ ಲೇಖನದ ಉದ್ದೇಶ.

ಎರಡು ಹಟ್ಟಿಗಳು

ಸೂಚನಾ ಫಲಕದಲ್ಲಿ ‘ಹಟ್ಟಿಗೆ ಪ್ರವಾಸ’ ಎಂದು ಬರೆದ ದಿನವೇ ಒಂದು ವಿನೋದ ನಡೆಯಿತು. ನಮ್ಮ ಪ್ರಸಾದನಿಲಯದಲ್ಲಿ ಕುಂದಾಪುರ ಕಡೆಯ ಹಟ್ಟಿಯಂಗಡಿಯ ಬಾಲಕನೊಬ್ಬನಿದ್ದಾನೆ. ಪ್ರವಾಸವು ತನ್ನ ಊರಿಗೇ ಹೊರಟಿದೆಯೆಂದು ಅವನು ಹಿಗ್ಗಿದನು. ಆತನ ಊರು ವಾರಾಹಿ ನದಿಯ ಆಸರೆಯಲ್ಲಿ ಬೆಳೆದ, ಸಿದ್ಧಿವಿನಾಯಕ ದೇವಾಲಯದಿಂದಲೂ ಜೈನ ಬಸದಿಯಿಂದಲೂ ಪ್ರಸಿದ್ಧವಾದ, ಆಳುಪರ ಕಾಲದಷ್ಟು ಪ್ರಾಚೀನವಾದ ನೆಲೆ. ನಾವು ಹೊರಟಿದ್ದು ಬಯಲುಸೀಮೆಯ ಬಿರುಬಿಸಿಲಿನ ಹಟ್ಟಿಗೆ. ಅವನಿಗೆ ನಿರಾಶೆಯಾದರೂ ಆ ಗೊಂದಲವೇ ಒಂದು ಪಾಠಕ್ಕೆ ಪೀಠಿಕೆಯಾಯಿತು.

ಕುಂದಾಪುರದ ಆಡುಮಾತಿನಲ್ಲಿ ಹಟ್ಟಿಯೆಂದರೆ ದನದ ಕೊಟ್ಟಿಗೆ. ಬಯಲುಸೀಮೆಯಲ್ಲಿ ಅದೇ ಮಾತಿಗೆ ದನಕುರಿಗಳನ್ನು ಸಾಕುವವರ ಚಿಕ್ಕ ಜನವಸತಿ ಎಂಬ ಅರ್ಥವುಂಟು. ಇನ್ನು ‘ಅಂಗಡಿ’ ಎಂಬ ಉತ್ತರಪದವು ಉಪ್ಪಿನಂಗಡಿ, ಬೆಳ್ತಂಗಡಿಗಳಲ್ಲಿರುವಂತೆ ವ್ಯಾಪಾರದ ನೆನಪನ್ನು ಹೊತ್ತಿದೆ. ಒಂದು ಹಟ್ಟಿ ನೆಲದೊಳಗಿನ ಚಿನ್ನವನ್ನು ಅಗೆದು ತೆಗೆದ ಊರು. ಇನ್ನೊಂದು ಹಟ್ಟಿಯ ಸೀಮೆ ಆ ಲೋಹವನ್ನು ನಾಣ್ಯವಾಗಿ ಚಲಾಯಿಸಿದ ಕರಾವಳಿ. ವಿಜಯನಗರದ ಕಾಲದ ಶಾಸನಗಳಲ್ಲಿ ಬಾರಕೂರು ಗದ್ಯಾಣವೆಂಬ ಚಿನ್ನದ ನಾಣ್ಯದ ಹೆಸರು ಬರುತ್ತದೆ. ಆ ಬಾರಕೂರು ಹಟ್ಟಿಯಂಗಡಿಗೆ ದೂರದ ಊರೇನಲ್ಲ. ಹೀಗೆಂದು ವಿವರಿಸಿದ ಮೇಲೆ ಬಾಲಕನ ಮುಖ ಅರಳಿತು.

ಜೀವಂತ ಸಂಗ್ರಹಾಲಯವೆಂದರೇನು?

ಹೊರಡುವ ಮುನ್ನ ಲೋಕದ ಬೇರೆಡೆಗಳಲ್ಲಿ ಚಿನ್ನದ ಚರಿತ್ರೆಯನ್ನು ಮಕ್ಕಳಿಗೆ ಹೇಗೆ ತೋರಿಸುತ್ತಾರೆಂಬುದನ್ನು ತರಗತಿಯಲ್ಲಿ ತಿಳಿಸಿದ್ದೆವು. 1848ರ ಜನವರಿ 24ರಂದು ಅಮೆರಿಕೆಯ ಕ್ಯಾಲಿಫೋರ್ನಿಯದ ಒಂದು ಮರಕೊಯ್ಯುವ ಗಿರಣಿಯ ಕಾಲುವೆಯಲ್ಲಿ ಜೇಮ್ಸ್ ಮಾರ್ಷಲ್ ಎಂಬಾತನಿಗೆ ಚಿನ್ನದ ಹರಳುಗಳು ಕಂಡವು. ಸುದ್ದಿ ಹಬ್ಬಿ, ಕೆಲವೇ ವರ್ಷಗಳಲ್ಲಿ ಸುಮಾರು 3 ಲಕ್ಷ ಜನ ಅಲ್ಲಿಗೆ ಧಾವಿಸಿದರು. 1851ರಲ್ಲಿ ಆಸ್ಟ್ರೇಲಿಯದ ಬ್ಯಾಲರಾಟ್ ಪ್ರದೇಶದಲ್ಲಿಯೂ ಅಂಥದೇ ನೂಕುನುಗ್ಗಲು ಉಂಟಾಯಿತು. ಗಣಿಗಾರರ ಮೇಲೆ ಹೇರಿದ ಪರವಾನಗಿ ಶುಲ್ಕದ ವಿರುದ್ಧ 1854ರ ಡಿಸೆಂಬರ್ 3ರಂದು ಅಲ್ಲಿ ರಕ್ತಪಾತವೂ ನಡೆಯಿತು.

ಅದೇ ಬ್ಯಾಲರಾಟಿನಲ್ಲಿ 1970ರಲ್ಲಿ ಸಾವರಿನ್ ಹಿಲ್ ಎಂಬ ಜೀವಂತ ಸಂಗ್ರಹಾಲಯ ತೆರೆಯಿತು. ಅಲ್ಲಿ ಗಾಜಿನ ಪೆಟ್ಟಿಗೆಗಳಿಗಿಂತ ಬೀದಿಯೇ ಮುಖ್ಯ. 1850ರ ದಶಕದ ಅಂಗಡಿಗಳು, ಕುಲುಮೆ, ಕುದುರೆಗಾಡಿ, ಚೀನಾದಿಂದ ಬಂದ ಗಣಿಗಾರರ ಡೇರೆಗಳು, ಎಲ್ಲವನ್ನೂ ಮರುನಿರ್ಮಿಸಿ, ಅಂದಿನ ಉಡುಪು ತೊಟ್ಟ ಜನರು ಅಂದಿನ ಕೆಲಸಗಳನ್ನು ಮಾಡಿ ತೋರಿಸುತ್ತಾರೆ. ಶಾಲಾಮಕ್ಕಳು ತೊರೆಗಿಳಿದು ತಟ್ಟೆಯಲ್ಲಿ ಮರಳು ಜಾಲಾಡಿ ಚಿನ್ನದ ಕಣ ಹುಡುಕಬಹುದು. ಇದರ ಹಿಂದಿನ ವಿಜ್ಞಾನ ಸರಳವಾದುದು. ಚಿನ್ನವು ನೀರಿಗಿಂತ 19 ಪಟ್ಟಿಗೂ ಹೆಚ್ಚು ಭಾರ. ಬೆಣಚುಕಲ್ಲು ಮೂರು ಪಟ್ಟಿಗಿಂತಲೂ ಕಡಿಮೆ. ತಟ್ಟೆಯನ್ನು ತಿರುಗಿಸಿದಂತೆ ಮರಳು ನೀರಿನೊಡನೆ ಹೊರಗೆ ಹರಿದು, ಚಿನ್ನ ತಳದಲ್ಲಿ ನಿಲ್ಲುತ್ತದೆ.

ಈ ವಿದ್ಯೆ ನಮಗೆ ಹೊಸದಲ್ಲ. ಗದಗ ಪ್ರಾಂತದ ಕಪ್ಪತಗುಡ್ಡದ ಹಳ್ಳಗಳಲ್ಲಿ ಮರಳು ತೊಳೆದು ಚಿನ್ನ ತೆಗೆಯುತ್ತಿದ್ದ ಜಾಲಗಾರರ ವಿಷಯವನ್ನು 19ನೆಯ ಶತಮಾನದ ಭೂವಿಜ್ಞಾನಿಗಳು ದಾಖಲಿಸಿದ್ದಾರೆ. ಆದರೆ ಜಾಲಗಾರರ ಮರಿಗೆಯನ್ನು ಹಿಡಿದು ಮಗುವೊಂದು ಹಳ್ಳಕ್ಕಿಳಿಯುವಂಥ ಏರ್ಪಾಡು ನಮ್ಮಲ್ಲಿ ಆಗಿಲ್ಲ. ಕರಾವಳಿಯ ಮಣಿಪಾಲದಲ್ಲಿ ವಿಜಯನಾಥ ಶೆಣೈಯವರು ಹಳೆಯ ಮನೆಗಳನ್ನು ಬಿಚ್ಚಿ ತಂದು ಮತ್ತೆ ನಿಲ್ಲಿಸಿದರು. ರಾಮನಗರದ ಬಳಿ ಎಚ್.ಎಲ್. ನಾಗೇಗೌಡರು ಜಾನಪದ ಲೋಕವನ್ನು ಕಟ್ಟಿದರು. ಗಣಿಯ ಕಾಯಕಕ್ಕೆ ಅಂಥ ಆಸರೆ ಇನ್ನೂ ದೊರೆಯಬೇಕಾಗಿದೆ.

ಹಟ್ಟಿಯ ನೆಲದಡಿ

ಬೆಳಗಿನ ಜಾವ ಪೂಜ್ಯ ಶ್ರೀಗಳವರ ಆಶೀರ್ವಾದ ಪಡೆದು ಹೊರಟ ನಮ್ಮ ಬಸ್ಸು ಹಟ್ಟಿಯನ್ನು ಸಮೀಪಿಸಿದಾಗ ಮೊದಲು ಕಣ್ಣಿಗೆ ಬಿದ್ದುದು ಗಣಿಬಾವಿಯ ಮೇಲೆ ನಿಂತ ಉಕ್ಕಿನ ಎತ್ತರದ ಚೌಕಟ್ಟು. ಅದರ ತುದಿಯ ಚಕ್ರದ ಮೇಲೆ ಹಾದುಹೋಗುವ ಹಗ್ಗಕ್ಕೆ ಕಟ್ಟಿದ ಪಂಜರದಲ್ಲಿ ಕಾರ್ಮಿಕರು ಸಾವಿರಾರು ಅಡಿ ಕೆಳಗಿಳಿಯುತ್ತಾರೆ. ನಾವು ಮೇಲಿನಿಂದ ನೋಡಿಯೇ ತೃಪ್ತರಾದೆವು.

ಈ ಗಣಿಯ ಪ್ರಾಚೀನತೆ ಬೆರಗು ಹುಟ್ಟಿಸುವಂಥದು. ಆಧುನಿಕರು ಇಲ್ಲಿ ಅಗೆಯತೊಡಗಿದಾಗ 600 ಅಡಿಗೂ ಮಿಕ್ಕ ಆಳದಲ್ಲಿ ಹಿಂದಿನವರ ಅಗೆತದ ಗುರುತುಗಳು ದೊರೆತವು. ಅಲ್ಲಿ ಸಿಕ್ಕ ಮರದ ಆಧಾರಗಳನ್ನು ಇಂಗಾಲದ ಕಾಲನಿರ್ಣಯಕ್ಕೆ ಒಳಪಡಿಸಿದಾಗ ಅವು ಸುಮಾರು 2000 ವರ್ಷ ಹಳೆಯವೆಂದು ತಿಳಿಯಿತು. ಸಿಡಿಮದ್ದಿಲ್ಲದ ಆ ಕಾಲದಲ್ಲಿ ಬಂಡೆಯನ್ನು ಒಡೆದ ಬಗೆ ಹೀಗೆ: ಬಂಡೆಯ ಮೈಗೆ ಕಟ್ಟಿಗೆಯೊಟ್ಟಿ ಬೆಂಕಿಯಿಟ್ಟು ಕಾಯಿಸುವುದು, ಕಾದ ಕಲ್ಲಿನ ಮೇಲೆ ತಣ್ಣೀರನ್ನು ಸುರಿಯುವುದು. ಕಾದಾಗ ಹಿಗ್ಗಿದ ಕಲ್ಲು ಒಮ್ಮೆಲೆ ಕುಗ್ಗಿ ಸೀಳು ಬಿಡುತ್ತದೆ. ಆ ಸೀಳಿಗೆ ಉಳಿ ತಗುಲಿಸಿ ಕೀಳುತ್ತಿದ್ದರು. ಕಿತ್ತ ಅದಿರನ್ನು ಬಂಡೆಯ ಮೇಲಿನ ಒರಳುಗುಣಿಗಳಲ್ಲಿ ಕುಟ್ಟಿ ಪುಡಿಮಾಡಿ ನೀರಿನಲ್ಲಿ ಜಾಲಿಸುತ್ತಿದ್ದರು. ಹೊಗೆ ತುಂಬಿದ ಇಕ್ಕಟ್ಟಿನ ಕತ್ತಲೆಯಲ್ಲಿ, ಎಣ್ಣೆಯ ದೀಪದ ಬೆಳಕಿನಲ್ಲಿ ದುಡಿದ ಆ ಜನರ ಹೆಸರು ಯಾವ ಶಾಸನದಲ್ಲಿಯೂ ಇಲ್ಲ.

ನಿಜಾಮರ ಆಳ್ವಿಕೆಯಲ್ಲಿ ಆಂಗ್ಲ ಕಂಪನಿಗಳು ಇಲ್ಲಿ ಗಣಿಯನ್ನು ಮತ್ತೆ ತೆರೆದು, ಸುಮಾರು 1920ರ ವೇಳೆಗೆ ಕೈಬಿಟ್ಟವು. 1947ರಲ್ಲಿ ಹೈದರಾಬಾದ್ ಚಿನ್ನದ ಗಣಿ ಕಂಪನಿಯಾಗಿ ಸ್ಥಾಪಿತವಾದ ಸಂಸ್ಥೆಯು ರಾಜ್ಯಗಳ ಪುನರ್ವಿಂಗಡಣೆಯ ತರುವಾಯ ನಮ್ಮ ರಾಜ್ಯಕ್ಕೆ ಸೇರಿ, ಇಂದು ಹಟ್ಟಿ ಚಿನ್ನದ ಗಣಿ ಕಂಪನಿಯೆಂದು ಹೆಸರಾಗಿದೆ.

ಚಿನ್ನವನ್ನು ಬೇರ್ಪಡಿಸುವ ಕ್ರಮವನ್ನು ಕೇಳಿ ಮಕ್ಕಳು ಲೆಕ್ಕ ಹಾಕತೊಡಗಿದರು. ಒಂದು ಟನ್ ಕಲ್ಲಿನಲ್ಲಿರುವುದು ಕೆಲವೇ ಗ್ರಾಂ ಚಿನ್ನ. ಟನ್ನಿಗೆ 4 ಗ್ರಾಂ ಎಂದಿಟ್ಟುಕೊಂಡರೂ ಒಂದು ತೊಲ ಚಿನ್ನಕ್ಕೆ ಹೆಚ್ಚುಕಡಿಮೆ 3 ಟನ್ ಕಲ್ಲನ್ನು ಒಡೆದು, ಮೇಲಕ್ಕೆತ್ತಿ, ಹಿಟ್ಟಿನಂತೆ ಅರೆಯಬೇಕು. ಬಳಿಕ ಆ ರಾಡಿಯನ್ನು ಸಯನೈಡ್ ದ್ರಾವಣದಲ್ಲಿ ಕಲಕಿ ಚಿನ್ನವನ್ನು ಕರಗಿಸಿ, ಮತ್ತೆ ಬೇರ್ಪಡಿಸಿ, ಮೂಸೆಯಲ್ಲಿ ಕಾಯಿಸಿ ಎರಕ ಹೊಯ್ಯಬೇಕು. ಸಯನೈಡಿನ ಈ ಕ್ರಮ 1887ರಲ್ಲಿ ಸ್ಕಾಟ್ಲೆಂಡಿನಲ್ಲಿ ರೂಪುಗೊಂಡಿತು. ಚಿನ್ನ ಪೆಟ್ಟಿಗೆ ಸೇರುತ್ತದೆ. ಅರೆದ ಕಲ್ಲಿನ ರಾಶಿ ಊರಿನ ಪಾಲಿಗೆ ಉಳಿಯುತ್ತದೆ.

ಅಜ್ಜನ ಪಾಠ

ಮಧ್ಯಾಹ್ನ ಬುತ್ತಿ ಬಿಚ್ಚಿ ಮರದ ನೆರಳಿನಲ್ಲಿ ಕುಳಿತಿದ್ದಾಗ ನಿವೃತ್ತ ಗಣಿ ಕಾರ್ಮಿಕರೊಬ್ಬರು ಬಂದು ಮಾತಿಗೆ ಕೂತರು. ಕೆಳಗೆ ಭಯವಾಗುತ್ತಿರಲಿಲ್ಲವೇ ಎಂದು ಮಕ್ಕಳು ಕೇಳಿದರು. ಅವರು ಪಕ್ಕದ ಬಂಡೆಯನ್ನು ಒಂದು ಕಬ್ಬಿಣದ ಸಲಾಕೆಯಿಂದ ತಟ್ಟಿ, “ಕಿವಿಗೊಟ್ಟು ಕೇಳ್ರಿ ತಮ್ಮಾ, ಗಟ್ಟಿ ಕಲ್ಲು ಗಂಟಿ ನುಡದಂಗ ನುಡೀತದ. ಸಡ್ಲಾದ ಕಲ್ಲು ಒಡದ ಗಡಿಗಿ ಹಂಗ ಬಡಬಡಾ ಅಂತದ. ಹಂಗ ಅಂತಂದ್ರ ಹಿಂದಕ್ಕ ಸರೀಬೇಕು. ನಮ್ಮ ಜೀವ ಕಿವ್ಯಾಗ ಇರ್ತಿತ್ತು” ಎಂದರು. ತಲೆಯ ಮೇಲಣ ಕಲ್ಲು ಸಡಿಲವಾಗಿದೆಯೇ ಎಂಬುದನ್ನು ನಾದದಿಂದ ಅರಿಯುವ ಈ ಪರೀಕ್ಷೆ ಜಗತ್ತಿನ ಗಣಿಗಾರರೆಲ್ಲರೂ ಬಲ್ಲ ವಿದ್ಯೆ. ಮಕ್ಕಳು ಒಬ್ಬೊಬ್ಬರಾಗಿ ಸಲಾಕೆ ಹಿಡಿದು ತಟ್ಟಿ ಕೇಳಿದರು. ಆ ದಿನದ ಅತ್ಯುತ್ತಮ ಪಾಠ ಅದೇ ಆಯಿತೆಂದು ನನ್ನ ಭಾವನೆ. ಸಾವರಿನ್ ಹಿಲ್‌ನಲ್ಲಿ ಹಣ ತೆತ್ತು ನೋಡುವುದನ್ನು ನಾವು ಇಲ್ಲಿ ಮರದ ನೆರಳಿನಲ್ಲಿ, ಉಡುಪು ಬದಲಿಸಿ ನಟಿಸದ ನಿಜವಾದ ಕಾಯಕಜೀವಿಯಿಂದ ಪಡೆದೆವು.

ಆದರೆ ಅಂಥವರು ಎಷ್ಟು ದಿನ ಇದ್ದಾರು? ಕೋಲಾರದ ಚಿನ್ನದ ಗಣಿ ನಮ್ಮ ಕಣ್ಣೆದುರೇ ಇದೆ. 1871ರಲ್ಲಿ ಲಾವೆಲ್ ಎಂಬ ಐರಿಷ್ ನಿವೃತ್ತ ಸೈನಿಕ ಅಲ್ಲಿ ಅನ್ವೇಷಣೆಗೆ ತೊಡಗಿದನು. 1880ರಿಂದ ಜಾನ್ ಟೇಲರ್ ಕಂಪನಿ ಗಣಿಯನ್ನು ಬೆಳೆಸಿತು. 1902ರಲ್ಲಿ ಶಿವನಸಮುದ್ರದ ವಿದ್ಯುತ್ತು ಮೊದಲು ಹರಿದದ್ದು ಆ ಗಣಿಗೇ. 3 ಕಿಲೋಮೀಟರಿಗೂ ಹೆಚ್ಚು ಆಳಕ್ಕಿಳಿದ ಆ ಗಣಿ 2001ರಲ್ಲಿ ಮುಚ್ಚಿತು. ಗಣಿ ಮುಚ್ಚಿದರೆ ಯಂತ್ರವನ್ನು ಮಾರಬಹುದು. ಕಿವಿಯಲ್ಲಿದ್ದ ವಿದ್ಯೆಯನ್ನು ಯಾರಿಗೆ ಒಪ್ಪಿಸುವುದು?

ಮಸ್ಕಿಯ ಬಂಡೆ, ಅಮರೇಶ್ವರದ ಅಕ್ಕಿ

ಅಪರಾಹ್ನ ಮಸ್ಕಿಗೆ ಹೋದೆವು. 1915ರಲ್ಲಿ ಚಿನ್ನದ ಗಣಿಯ ಎಂಜಿನಿಯರಾಗಿದ್ದ ಸಿ. ಬೀಡನ್ ಎಂಬವರು ಇಲ್ಲಿ ಅಶೋಕನ ಶಾಸನವನ್ನು ಕಂಡುಹಿಡಿದರು. ಅದುವರೆಗೆ ದೊರೆತ ಶಾಸನಗಳಲ್ಲಿ ‘ದೇವಾನಾಂಪ್ರಿಯ’ ಎಂಬ ಬಿರುದು ಮಾತ್ರ ಇದ್ದಿತು; ಅಶೋಕನೆಂಬ ಹೆಸರು ಮೊದಲು ಕಂಡುದು ಮಸ್ಕಿಯ ಬಂಡೆಯಲ್ಲಿ. ಚಿನ್ನವನ್ನರಸಿ ಬಂದವನಿಗೆ ಚಕ್ರವರ್ತಿಯ ಹೆಸರು ದೊರೆಯಿತು. ಧರ್ಮದ ಫಲವು ದೊಡ್ಡವರಿಗಷ್ಟೇ ಅಲ್ಲ, ಪ್ರಯತ್ನಶೀಲನಾದ ಸಾಮಾನ್ಯನಿಗೂ ಸಾಧ್ಯವೆಂಬುದು ಅದರ ಸಾರ. ಕೊಪ್ಪಳದ ಗವಿಮಠದ ಬಂಡೆಯ ಮೇಲೂ ಅಶೋಕನ ಶಾಸನವಿರುವುದನ್ನು ನಮ್ಮ ಓದುಗರು ಬಲ್ಲರು.

ಗುರುಗುಂಟದ ಸಮೀಪದ ಅಮರೇಶ್ವರದ ದರ್ಶನದೊಡನೆ ಪ್ರವಾಸ ಮುಗಿಯಿತು. ಇದು ಆಯ್ದಕ್ಕಿ ಮಾರಯ್ಯ, ಲಕ್ಕಮ್ಮ ದಂಪತಿಗಳ ಸೀಮೆ. ಮಹಾಮನೆಯ ಅಂಗಳದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತಂದು ದಾಸೋಹ ನಡೆಸುತ್ತಿದ್ದ ಮಾರಯ್ಯನವರು ಒಂದು ದಿನ ಎಂದಿಗಿಂತ ಹೆಚ್ಚು ತಂದಾಗ, ಅದನ್ನು ಅಲ್ಲಿಯೇ ಸುರಿದು ಬರುವಂತೆ ಲಕ್ಕಮ್ಮನವರು ಹೇಳಿದ ಪ್ರಸಂಗವನ್ನು ಮಕ್ಕಳಿಗೆ ನೆನಪಿಸಿದೆವು. ಆಗ ಹಟ್ಟಿಯಂಗಡಿಯ ಬಾಲಕ, “ಸರ್, ಅಕ್ಕಿಯ ಬದಲು ಚಿನ್ನವೇ ಸಿಕ್ಕಿದ್ದರೂ ಲಕ್ಕಮ್ಮ ಹಾಗೇ ಹೇಳುತ್ತಿದ್ದರೇ?” ಎಂದು ಕೇಳಿದನು. ನಾನು ಉತ್ತರಿಸುವ ಮೊದಲೇ ನಮ್ಮ ಕಡೆಯ ಹುಡುಗಿಯೊಬ್ಬಳು, “ದುಡಿದಷ್ಟು ಇಟ್ಟುಕೋ, ಮಿಕ್ಕಿದ್ದು ಕೊಡು ಅಂತಿದ್ದಳು” ಎಂದಳು. ಚಿನ್ನದ ನಾಡಿನ ನಡುವೆಯೇ ಅಕ್ಕಿಕಾಳಿನ ಲೆಕ್ಕವನ್ನು ಕಲಿಸಿದ ತಾಯಿಗೆ ಇದಕ್ಕಿಂತ ಒಳ್ಳೆಯ ವ್ಯಾಖ್ಯಾನವನ್ನು ನಾನು ಬರೆಯಲಾರೆ.

ಆದುದರಿಂದ ಹಳೆಯ ವಿದ್ಯಾರ್ಥಿಗಳಲ್ಲಿಯೂ ದಾನಿಗಳಲ್ಲಿಯೂ ಒಂದು ವಿನಂತಿ. ತಮ್ಮ ಮನೆತನಗಳಲ್ಲಿ ಗಣಿಯ, ನೇಯ್ಗೆಯ, ಕಮ್ಮಾರಿಕೆಯ, ಗಾಣದ ಹಳೆಯ ಸಲಕರಣೆಗಳಿದ್ದರೆ ಗುಜರಿಗೆ ಹಾಕದೆ ಶಾಲೆಗೆ ಕಳುಹಿಸಿಕೊಡಬೇಕು. ಅವುಗಳನ್ನು ಬಳಸಬಲ್ಲ ಹಿರಿಯರಿದ್ದರೆ ಅವರನ್ನೂ ಕರೆತರಬೇಕು. ಅವರು ಹೇಳಿದ್ದನ್ನು ಮಕ್ಕಳು ಬರೆದಿಟ್ಟುಕೊಳ್ಳುವರು. ಇದಕ್ಕೆ ಹೆಚ್ಚಿನ ಹಣವೇನೂ ಬೇಡ. ಒಂದು ಕೋಣೆ, ಒಂದು ನೋಂದಣಿ ಪುಸ್ತಕ ಸಾಕು. ಹಟ್ಟಿಯ ಅಜ್ಜನವರು ಬೀಳ್ಕೊಡುವಾಗ ತಮ್ಮ ಸಲಾಕೆಯನ್ನು ನಮ್ಮ ಕೈಗಿತ್ತಿದ್ದಾರೆ. ನೋಂದಣಿಯ ಮೊದಲನೆಯ ಸಾಲಿನಲ್ಲಿ ಅದನ್ನೇ ಬರೆದುಕೊಂಡಿದ್ದೇವೆ.